ಕೊನೆಯ ಸಾಲಿನಿಂದ ಕಂಡ ಆಕಾಶ

ಜನವರಿ 11

ಅಪ್ಪನಿಗೆ ನಮಸ್ಕಾರ.

ಎರಡು ವರ್ಷ ಸುಮ್ಮನಿದ್ದು ಈಗ ಬರೆಯುತ್ತಿದ್ದೇನೆ, ಅದೂ ಬೇಡುವುದಕ್ಕೆ. ಹಾಗಾಗಿ ನೇರವಾಗಿ ವಿಷಯಕ್ಕೆ ಬರುತ್ತೇನೆ.

ನಾಟಕ ಕಂಪನಿ ಮುಚ್ಚಿದಾಗ ನಿಮ್ಮ ಪಾಲಿಗೆ ಬಂದ ದೊಡ್ಡ ಪೆಟ್ಟಿಗೆಯಲ್ಲಿ ಹಿತ್ತಾಳೆಯ ರಾಟೆಗಳಿವೆ. ಪರದೆ ಏರಿಸುವುದಕ್ಕೂ ದೇವತೆಯನ್ನು ಆಕಾಶದಿಂದ ಇಳಿಸುವುದಕ್ಕೂ ಬಳಸುತ್ತಿದ್ದವು. ಅವು ನನಗೆ ಬೇಕು.

ಕಾರಣ ಹೇಳುತ್ತೇನೆ. ನಾನಿರುವ ಕೋಣೆಯಲ್ಲಿ ಮೂವರು ಹೆಂಗಸರು, ಮೂರು ಮಂಚ. ಬಾಗಿಲು ತೆರೆದರೆ ಮಂಚಕ್ಕೆ ಬಡಿಯುತ್ತದೆ. ಊಟ ಮಂಚದ ಮೇಲೆ, ತಲೆ ಬಾಚುವುದು ಮಂಚದ ಮೇಲೆ, ಜಗಳವೂ ಮಂಚದ ಮೇಲೆ. ಒಂದು ದಿನ ಮಲಗಿಕೊಂಡು ಸೂರು ನೋಡುತ್ತಿದ್ದೆ. ಅಷ್ಟೆತ್ತರದ ಜಾಗ ಖಾಲಿ ಬಿದ್ದಿದೆ. ದೇವತೆ ಇಳಿಯಬಹುದಾದರೆ ಮಂಚ ಏಕೆ ಏರಬಾರದು ಎನ್ನಿಸಿತು. ಜೊತೆಯಲ್ಲಿರುವ ಒಬ್ಬಳು ವೆಲ್ಡಿಂಗ್ ಕೆಲಸದವಳು, ಎಲ್ಲರೂ ಅವಳನ್ನು ವೆಲ್ಡಿಂಗ್ ಅಕ್ಕ ಎನ್ನುತ್ತಾರೆ. ಇಬ್ಬರೂ ಸೇರಿ ಅಂಥ ಮಂಚವೊಂದನ್ನು ಮಾಡಿದೆವು. ಹಗಲು ಹಗ್ಗ ಎಳೆದರೆ ಮಂಚ ಹಾಸಿಗೆಸಮೇತ ಸೂರಿಗೆ ಹೋಗುತ್ತದೆ, ಮಲಗುವ ಹೊತ್ತಿಗೆ ಇಳಿಯುತ್ತದೆ. ಮನೆಯೊಡತಿ ನೋಡಿ, "ಇಷ್ಟು ದಿನ ಈ ನೆಲ ಎಲ್ಲಿತ್ತೇ?" ಎಂದರು.

ಪೀಠೋಪಕರಣದ ಅಂಗಡಿಯಲ್ಲಿದ್ದ ಗುಮಾಸ್ತೆ ಕೆಲಸ ಬಿಟ್ಟು ಶೆಡ್ ಹಿಡಿದಿದ್ದೇನೆ. ವೆಲ್ಡಿಂಗ್ ಅಕ್ಕನೂ ನನ್ನನ್ನು ನಂಬಿ ಕೆಲಸ ಬಿಟ್ಟಿದ್ದಾಳೆ. ರಾಟೆಗಳನ್ನು ಕೊಡುವುದು ಬಿಡುವುದು ನಿಮ್ಮಿಷ್ಟ.

ಇತಿ,
ನಿಮ್ಮ ಮಗಳು


ಜನವರಿ 19

ರಾಟೆಗೆ, ಅಂದರೆ ನನ್ನ ಮಗಳಿಗೆ, ಈ ಅಪ್ಪನ ಆಶೀರ್ವಾದಗಳು ಗಾಡಿಗಟ್ಟಲೆ.

ಅಂಚೆಯವನು ನಿನ್ನ ಕಾಗದ ಕೊಟ್ಟಾಗ ನಾನು ಮುಖಕ್ಷೌರ ಮಾಡಿಕೊಳ್ಳುತ್ತಿದ್ದೆ. ಅರ್ಧ ಕೆನ್ನೆಯ ನೊರೆ ಹಾಗೇ ಬಿಟ್ಟು ಬೀದಿಯಲ್ಲೇ ನಿಂತು ಓದಿದೆ. ನನಗೆ ಮನಸ್ಸಿನಲ್ಲಿ ಓದಿ ಗೊತ್ತಿಲ್ಲ, ನಿನಗೇ ಗೊತ್ತು. ಮೂವತ್ತು ವರ್ಷ ನಾಟಕದ ಪರದೆಗಳ ಮೇಲೆ ಚಿತ್ರ ಬರೆಯುತ್ತ ನಟರ ಮಾತು ಕೇಳಿದವನ ಗಂಟಲು ಇದು. ಎದುರಿನ ಇಸ್ತ್ರಿ ಅಂಗಡಿಯವನು ಪೆಟ್ಟಿಗೆ ಕೆಳಗಿಟ್ಟು ಕೇಳಿಸಿಕೊಂಡ. "ಮಂಚ ಮೇಲೆ ಹೋಗುತ್ತಂತಾ? ಹಾಗಾದ್ರೆ ನನ್ನ ಹೆಂಡತಿಗೆ ಹೇಳ್ಬೇಡಿ ಮಾರಾಯ್ರೇ. ನಾನು ಮಲಗಿರುವಾಗಲೇ ಎಳೀತಾಳೆ" ಎಂದ.

ಒಂದು ತಕರಾರಿದೆ. ನನ್ನನ್ನು "ನೀವು" ಎಂದು ಬರೆದಿದ್ದೀಯ. ಯಾರಮ್ಮಾ ಕಲಿಸಿದರು ನಿನಗೆ ಈ ಮರ್ಯಾದೆ? ನನಗೆ ಒಗ್ಗುವುದಿಲ್ಲ, ಮೈಯೆಲ್ಲ ತುರಿಕೆ.

ರಾಟೆಗಳನ್ನು ಹುಣಸೆಹಣ್ಣಿನಲ್ಲಿ ತಿಕ್ಕಿ ಎಣ್ಣೆ ಹಾಕಿ ಲಾರಿಗೆ ಹಾಕಿಸಿದ್ದೇನೆ. ಆದರೆ ಕೇಳು, ಬರೀ ರಾಟೆಯಿಂದ ದೇವತೆ ಇಳಿಯುವುದಿಲ್ಲ. ಇನ್ನೊಂದು ತುದಿಯಲ್ಲಿ ಸರಿಸಮನಾದ ಭಾರ ಬೇಕು. ನಮ್ಮ ಕಂಪನಿಯಲ್ಲಿ ಆ ಭಾರ ಯಾರು? ಅಡುಗೆಯವನು. ಅವನು ಹಗ್ಗ ಹಿಡಿದು ಏಣಿ ಹತ್ತಿದರೆ ದೇವತೆಯ ವೇಷದ ನಿನ್ನ ಅಮ್ಮ ಹೂವಿನಂತೆ ಇಳಿಯುತ್ತಿದ್ದಳು. ಒಂದು ಸಲ ಅವನು ಜ್ವರದಲ್ಲಿ ಮಲಗಿ ಎದ್ದು ತೂಕದಲ್ಲಿ ಅರ್ಧಕ್ಕರ್ಧ ಇಳಿದುಹೋಗಿದ್ದ. ಯಾರೂ ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲ. ಆಕಾಶದಿಂದ ನಿನ್ನ ಅಮ್ಮ ತೆಂಗಿನಕಾಯಿಯಂತೆ ಬಂದಳು, ಅಡುಗೆಯವನು ಸೂರಿಗೆ ಹೋಗಿ ನೇತಾಡಿದ. ಅವಳು ಕಿರೀಟ ಸರಿಮಾಡಿಕೊಂಡು ಏನೆಂದಳು ಗೊತ್ತೇ? "ಭಕ್ತಾ, ನಿನ್ನ ಕೂಗು ಕೇಳಿ ಅವಸರದಲ್ಲಿ ಬಂದೆ." ಚಪ್ಪಾಳೆಗೆ ಡೇರೆ ಹಾರಿಹೋಗಬೇಕಿತ್ತು.

ನಿನ್ನ ಗಿರಾಕಿಗಳಿಗೆಲ್ಲ ಒಬ್ಬೊಬ್ಬ ಅಡುಗೆಯವನನ್ನು ಕೊಡಲಾಗುವುದಿಲ್ಲ. ಮರಳಿನ ಚೀಲ ಕಟ್ಟು. ಮತ್ತು ಕಳ್ಳಹಗ್ಗ ಮರೆಯಬೇಡ. ಮುಖ್ಯ ಹಗ್ಗ ಕಡಿದರೆ ಹಿಡಿದುಕೊಳ್ಳಲೆಂದು ಯಾರ ಕಣ್ಣಿಗೂ ಬೀಳದಂತೆ ಬಿಡುವ ಎರಡನೆಯ ಹಗ್ಗ. ಆ ದಿನ ಅವಳ ಕಾಲು ಮುರಿಯದೆ ಉಳಿಸಿದ್ದು ಅದೇ, ಅದನ್ನು ಹಿಡಿದಿದ್ದವಳು ನೀನೇ. ಆಗ ನಿನಗಿನ್ನೂ ಹಲ್ಲು ಬೀಳುವ ವಯಸ್ಸು.

ನನ್ನದೇನು, ಆರಾಮ. ಅಂಗಡಿ ಬೋರ್ಡು ಬರೆಯಲು ಈಗ ಯಾರೂ ಕರೆಯುವುದಿಲ್ಲ, ಎಲ್ಲ ಯಂತ್ರದಲ್ಲೇ ಮುದ್ರಣ. ಕುಂಚಗಳಿಗೆ ದೀರ್ಘ ರಜೆ.

ಪರದೆಗಳನ್ನು ಅಂದು ಜಗಳದಲ್ಲಿ ನೀನು ಹೇಳಿದಂತೆ ಗುಜರಿಗೆ ಹಾಕಲಿಲ್ಲ. ಇಲಿಗಳಿಗೂ ಒಂದು ಊರು ಬೇಡವೇ?

ಇಂತು,
ನೊರೆ ಒಣಗಿದ ಅಪ್ಪ


ಮಾರ್ಚ್ 3

ಅಪ್ಪಾ,

ರಾಟೆಗಳು ಬಂದವು. ನೀನು ತಿಕ್ಕಿದ್ದು ಎಷ್ಟು ಹೊಳೆಯುತ್ತಿದೆ ಎಂದರೆ ವೆಲ್ಡಿಂಗ್ ಅಕ್ಕ ಅದರಲ್ಲಿ ನೋಡಿಕೊಂಡು ಬೊಟ್ಟು ಇಟ್ಟುಕೊಂಡಳು. ಅವನ್ನೇ ಮಾದರಿಯಾಗಿಟ್ಟು ಎರಕದವನ ಹತ್ತಿರ ಹೊಸವನ್ನು ಮಾಡಿಸುತ್ತಿದ್ದೇವೆ.

ಏನೇನಾಗುತ್ತಿದೆ ಎಂದು ಹೇಳದಿದ್ದರೆ ನನಗೆ ಹೊಟ್ಟೆ ಒಡೆಯುತ್ತದೆ. ಮೊದಲ ಮಂಚ ಒಬ್ಬ ನರ್ಸ್ ಕೊಂಡಳು. ಎರಡನೆಯದು ಬೀದಿ ತಿರುವಿನ ದರ್ಜಿಯಮ್ಮನಿಗೆ. ಆಕೆ ಮಲಗುವ ಕೋಣೆಯಲ್ಲೇ ಹೊಲಿಯುವವರು. ಮಂಚ ಮೇಲೆ ಹೋದ ಮೇಲೆ ಇನ್ನೊಂದು ಹೊಲಿಗೆಯಂತ್ರ ಇಡುವಷ್ಟು ನೆಲ ಸಿಕ್ಕಿತು, ಯಂತ್ರ ಬಂದ ಮೇಲೆ ಅದರ ಮುಂದೆ ಕೂರಲು ಪಕ್ಕದ ಮನೆ ಹುಡುಗಿಗೆ ಕೆಲಸ ಸಿಕ್ಕಿತು. ನಾನು ಮಾಡಿದ್ದು ಮಂಚ, ಹುಟ್ಟಿದ್ದು ಬೇರೆಯವರ ಕೆಲಸ. ಹಗ್ಗದ ಅಂಗಡಿಯಾತ ಬೆಳಿಗ್ಗೆ ನನ್ನನ್ನು ಕಂಡರೆ ಎದ್ದು ನಿಲ್ಲುತ್ತಾನೆ. "ಬಾವಿಗೆಲ್ಲ ಮೋಟಾರು ಬಂದ್ಮೇಲೆ ನನ್ನ ಹಗ್ಗಕ್ಕೆ ದಿಕ್ಕಿರ್ಲಿಲ್ಲಮ್ಮ" ಎನ್ನುತ್ತಾನೆ.

ಬ್ಯಾಂಕಿನವರೊಬ್ಬರೇ ಎದ್ದು ನಿಲ್ಲದವರು. ಸಾಲ ಕೇಳಲು ಹೋದರೆ ಅಧಿಕಾರಿ ಕನ್ನಡಕ ಒರೆಸಿ, "ಇದು ಮಂಚಾನಾ, ಲಿಫ್ಟಾ?" ಎಂದರು. ಎರಡೂ ಎಂದೆ. "ಎರಡಕ್ಕೂ ಬೇರೆ ಬೇರೆ ಟೇಬಲ್ಲಮ್ಮ. ಯಾವುದಾದ್ರೂ ಒಂದು ಆಗಿ ಬಾ" ಎಂದರು. ಹೊಸದಕ್ಕೆ ಇನ್ನೂ ಟೇಬಲ್ ಹಾಕಿಲ್ಲವಂತೆ.

ಈಗ ನಿಜವಾದ ವಿಷಯ. ಹಳೆಯ ಗೋದಾಮೊಂದನ್ನು ದುಡಿಯುವ ಹೆಂಗಸರ ಹಾಸ್ಟೆಲ್ ಮಾಡುತ್ತಿದ್ದಾರೆ. ಹಗಲು ಆ ಹಾಲ್‌ನಲ್ಲಿ ತರಬೇತಿ ತರಗತಿ, ರಾತ್ರಿ ಅಲ್ಲೇ ಮಲಗುವುದು. ಹನ್ನೆರಡು ಮಂಚ ಕೇಳಿದ್ದಾರೆ. ಏಪ್ರಿಲ್ ಹತ್ತಕ್ಕೆ ವಾರ್ಡನ್ ಬಂದು ನೋಡುತ್ತಾರೆ. ಒಪ್ಪಿದರೆ ಇನ್ನೆರಡು ಕಟ್ಟಡದ ಕೆಲಸವೂ ನಮ್ಮದೇ. ಒಪ್ಪದಿದ್ದರೆ ಶೆಡ್ಡಿನ ಬೀಗ ಮಾಲೀಕರ ಕೈಗೆ, ವೆಲ್ಡಿಂಗ್ ಅಕ್ಕ ಹಳೆಯ ಧಣಿಯ ಮುಂದೆ ತಲೆ ತಗ್ಗಿಸಬೇಕು.

ಚೌಕಟ್ಟು ಇಲ್ಲಿ ಮಾಡುತ್ತೇವೆ, ಹಲಗೆಗಳಿಗೆ ಬಣ್ಣ ಹೊಡೆಯಲು ಪುರಸೊತ್ತಿಲ್ಲ. ಲಾರಿಯಲ್ಲಿ ನಿನಗೆ ಕಳಿಸುತ್ತೇನೆ. ಬೂದು ಬಣ್ಣ, ಅಷ್ಟೇ. ನಿನ್ನ ಕೈ ತಡೆಯುವುದಿಲ್ಲ ಎಂದು ಗೊತ್ತು, ಆದರೂ ಬೂದು, ಅಷ್ಟೇ.

ನಿನ್ನ,
ರಾಟೆ


ಮಾರ್ಚ್ 28

ರಾಟೆ,

ಹಲಗೆಗಳು ಈ ಕಾಗದದ ಜೊತೆಗೇ ಬರುತ್ತಿವೆ. ನಿಮ್ಮ ಊರಿನಲ್ಲಿ ಬಣ್ಣ ಹೊಡೆಯುವವರೇ ಇಲ್ಲವೇ, ಇಷ್ಟು ದೂರ ಲಾರಿಯಲ್ಲಿ ಕಳಿಸಬೇಕೇ ಎಂದು ಇಸ್ತ್ರಿಯವನು ಕೇಳಿದ. ನಾನು ಕೇಳಲಿಲ್ಲ.

ಮಲಗುವ ಬದಿಗೆ ಬೂದು ಹೊಡೆದಿದ್ದೇನೆ, ನಿನ್ನ ಆಜ್ಞೆಯಂತೆ. ಅಡಿಬದಿಯಲ್ಲಿ ಕೊಂಚ ಕೈಯಾಡಿಸಿದ್ದೇನೆ. ಮಂಚ ಮೇಲೆ ಹೋದಾಗ ಜನರಿಗೆ ಕಾಣುವುದು ಅದರ ಹೊಟ್ಟೆಯಲ್ಲವೇ? ಪ್ರೇಕ್ಷಕರ ಮುಖಕ್ಕೆ ಬರೀ ಹಲಗೆ ಹಿಡಿಯುವುದು ನನ್ನ ಕೈಲಾಗದ ಕೆಲಸ. ಅಂಚಿನಲ್ಲಿ ಅಂಕಿ ಬರೆದಿದ್ದೇನೆ, ಅದೇ ಕ್ರಮದಲ್ಲಿ ತೂಗುಹಾಕು. ಏಕೆಂದು ಕೇಳಬೇಡ.

ಎಷ್ಟೋ ದಿನಗಳ ಮೇಲೆ ಉಗುರಿನ ಸಂದಿಯಲ್ಲಿ ಬಣ್ಣ ಕೂತಿದೆ. ತೊಳೆಯಲು ಮನಸ್ಸಿಲ್ಲ.

ಅಪ್ಪ


ಏಪ್ರಿಲ್ 8

ಅಪ್ಪಾ,

ಏನು ಮಾಡಿಬಿಟ್ಟೆ?

ಹಲಗೆ ಬಿಚ್ಚಿದೆವು. ಅಡಿಬದಿಯಲ್ಲಿ ನೀಲಿ ಮೆತ್ತು, ಬಿಳಿ ಮೆತ್ತು, ಹಸಿರು ಗೀಚು. ಗೋಡೆಗೆ ಕುಂಚ ಒರೆಸಿದ ಹಾಗಿದೆ. ಇದೇ ಅಲ್ಲವೇ ಕಂಪನಿಯ ಪರದೆಗಳಲ್ಲೂ ಇದ್ದದ್ದು? ಅವು ಬರೀ ಬಣ್ಣದ ಕಲೆ ಎಂದು ಅಂದು ನಾನು ಹೇಳಿದ್ದಕ್ಕೆ ಇದು ಉತ್ತರವೇ? ಎರಡು ವರ್ಷ ಕಾದು, ನನ್ನ ಹೊಟ್ಟೆಪಾಡಿನ ಮೇಲೇ ಬರೆದು ಕಳಿಸಿದೆಯಾ?

ವೆಲ್ಡಿಂಗ್ ಅಕ್ಕ ಉಜ್ಜುವ ಕಾಗದ ಹಿಡಿದು ಒಂದು ಹಲಗೆ ಉಜ್ಜಿದಳು. ಕೈ ಸೋತಿತು, ಅಂಗೈಯಗಲದ ಜಾಗವಷ್ಟೇ ಬಿಳಿಯಾಯಿತು. ನಾಡಿದ್ದು ವಾರ್ಡನ್ ಬರುತ್ತಾರೆ. ಹೀಗೇ ತೂಗುಹಾಕುವುದು ಬಿಟ್ಟು ದಾರಿಯಿಲ್ಲ. ಅಂಕಿ ನೋಡುವ ತಾಳ್ಮೆಯೂ ಇಲ್ಲ.

ಬೂದು, ಅಷ್ಟೇ ಎಂದು ಎರಡು ಸಲ ಬರೆದಿದ್ದೆ.

ಮಗಳು


ಏಪ್ರಿಲ್ 11

ಅಪ್ಪಾ, ಅಪ್ಪಾ,

ಎಂಟನೇ ತಾರೀಕಿನ ನನ್ನ ಕಾಗದ ಬಂದರೆ ಒಡೆಯಬೇಡ. ಕೈಮುಗಿಯುತ್ತೇನೆ, ಒಲೆಗೆ ಹಾಕು.

ನಿನ್ನೆ ಬೆಳಿಗ್ಗೆ ಮಂಚಗಳನ್ನೆಲ್ಲ ಮೇಲೆಳೆದೆವು. ನಾನು ಗೋಡೆಯ ಪಕ್ಕ ಹಗ್ಗದ ಹತ್ತಿರವೇ ನಿಂತಿದ್ದೆ, ತಲೆ ಎತ್ತಲಿಲ್ಲ. ವಾರ್ಡನ್ ಒಳಗೆ ಬಂದರು. ಕಟುವಾದ ಹೆಂಗಸು, ಕೊಡೆಯನ್ನು ಕೋಲಿನಂತೆ ಹಿಡಿದು ನಡೆಯುವವರು. ಹಾಲ್‌ನ ಆ ತುದಿಯ ಬಾಗಿಲಲ್ಲಿ ನಿಂತು ಮೇಲೆ ನೋಡಿದರು.

"ಆ ಮರದ ತಲೆ ಯಾಕಮ್ಮ ಕಿಟಕಿ ಹತ್ರ ಇದೆ? ಬುಡ ಇಲ್ಲಿದೆಯಲ್ಲ" ಎಂದರು.

ಯಾವ ಮರ ಎಂದೆ.

"ಯಾವ ಮರ ಅಂದ್ರೆ? ಕಟ್ಟಿದವಳು ನೀನು, ಕೇಳೋದು ನನ್ನನ್ನಾ? ಇಲ್ಲಿ ಬಾ."

ಹೋದೆ. ಹಾಲ್‌ನ ಉದ್ದಕ್ಕೂ ನಡೆದು ಅವರ ಪಕ್ಕ ನಿಂತು ತಿರುಗಿದೆ.

ಅಪ್ಪಾ, ಆಕಾಶವಿತ್ತು. ಆ ಬಿಳಿ ಮೆತ್ತುಗಳೆಲ್ಲ ಮೋಡ. ಹಸಿರು ಗೀಚುಗಳು ಕೊಂಬೆ, ಕೊಂಬೆಯ ಸಂದಿಯಲ್ಲಿ ಬೆಳಕು. ಎಲ್ಲ ಅಸ್ತವ್ಯಸ್ತವಾಗಿ ತೂಗುಹಾಕಿದ್ದೆವು, ಹಕ್ಕಿಯ ರೆಕ್ಕೆ ಒಂದು ಮೂಲೆಯಲ್ಲಿ, ಕೊಕ್ಕು ಇನ್ನೊಂದು ಮೂಲೆಯಲ್ಲಿ. ಆದರೂ ಆಕಾಶವೇ. ಅಲ್ಲೇ ನಿಂತು ಅಂಕಿ ಪ್ರಕಾರ ಬದಲಾಯಿಸಿದೆವು. ವಾರ್ಡನ್ ಕೊಡೆ ಎತ್ತಿ ತೋರಿಸಿ, "ಆ ಚಂದ್ರ ಮಾತ್ರ ಬಹಳ ಚೆನ್ನಾಗಿದೆ" ಎಂದರು. ಅದು ಅಕ್ಕ ಉಜ್ಜಿದ ಜಾಗ. ಅವಳು, "ಅದು ನನ್ನ ಕೈಕೆಲಸ ಮೇಡಂ" ಎಂದುಬಿಟ್ಟಳು.

ಎರಡು ಕಟ್ಟಡವೂ ನಮಗೇ. "ಬೂದು ಮಂಚ ಯಾರು ಬೇಕಾದ್ರೂ ಮಾಡ್ತಾರೆ. ನನಗೆ ಇದೇ ಬೇಕು" ಎಂದರು.

ನಾನು ಹುಟ್ಟಿದ್ದು ಪರದೆಯ ಹಿಂದೆ, ಬೆಳೆದದ್ದು ಹಗ್ಗದ ಪಕ್ಕ. ನಿನ್ನ ಪರದೆಗಳನ್ನು ಮೂಗು ತಾಗುವಷ್ಟು ಹತ್ತಿರದಿಂದಲೇ ನೋಡಿದ್ದು. ಕೊನೆಯ ಸಾಲಿನಲ್ಲಿ ಒಂದು ದಿನವೂ ಕೂತಿರಲಿಲ್ಲ.

ಎಲ್ಲರೂ ಹೋದ ಮೇಲೆ ಆ ಬಾಗಿಲ ಹತ್ತಿರ ಒಂದು ಕುರ್ಚಿ ಹಾಕಿಕೊಂಡು ಕೂತೆ. ಬಹಳ ಹೊತ್ತು.

ನಿನ್ನ,
ರಾಟೆ


ಏಪ್ರಿಲ್ 18

ನನ್ನ ರಾಟೆಗೆ,

ಎಂಟನೇ ತಾರೀಕಿನ ಕಾಗದವನ್ನು ಒಡೆಯಬೇಡ ಎಂದಿದ್ದೀಯ. ನಿನ್ನ ಮಾತು ಮೀರುವವನೇ ನಾನು? ಆದರೆ ಅದು ಮೊದಲೇ ಬಂದುಬಿಟ್ಟಿತ್ತು. ಹಾಗಾಗಿ ಒಡೆದದ್ದನ್ನು ಮತ್ತೆ ಅಂಟಿಸಿದ್ದೇನೆ, ಪರದೆಗೆ ಹಾಕುವ ಗಟ್ಟಿ ಅಂಟಿನಿಂದ. ಈಗ ಅದು ಒಡೆಯದ ಕಾಗದ. ಇನ್ನು ಯಾರಪ್ಪನಿಂದಲೂ ತೆರೆಯಲಾಗುವುದಿಲ್ಲ.

ಎರಡನೆಯ ಕಾಗದ ಓದಿದಾಗ ಇಡೀ ಬೀದಿ ಕೇಳಿತು. ಇಸ್ತ್ರಿಯವನು ಯಾರದ್ದೋ ಅಂಗಿ ಸುಟ್ಟುಕೊಂಡ. "ನಿಮ್ಮ ಮಗಳ ಖುಷಿಗೆ ನನ್ನ ಗಿರಾಕಿಯ ತೋಳು ಹೋಯ್ತು" ಎಂದು ನನ್ನನ್ನೇ ಬೈದ, ಆಮೇಲೆ ತಾನೇ ಚಹಾ ತರಿಸಿದ.

ಪರದೆ ಬರೆಯುವುದನ್ನು ಹತ್ತಿರದವರಿಗಾಗಿ ಕಲಿತವನಲ್ಲ ನಾನು. ಮುಂದಿನ ಸಾಲಿನವರಿಗೆ ನಟರ ಮುಖ ಕಾಣುತ್ತದೆ, ಅವರಿಗೆ ಅದು ಸಾಕು. ಕಡಿಮೆ ದರದ ಚೀಟಿ ಕೊಂಡು ಕೊನೆಯಲ್ಲಿ ನಿಂತವನಿಗೆ ಕಾಣುವುದು ಪರದೆಯೊಂದೇ. ಅವನಿಗೆ ಕಾಡು ಕಾಡಾಗಿ ಕಾಣದಿದ್ದರೆ ನಾನು ಮೋಸಗಾರ.

ಅದಿರಲಿ, ಕಂಪನಿ ಏಕೆ ಮುಳುಗಿತು ಎಂದು ನಿನ್ನ ಕಾಗದ ಓದುತ್ತ ಹೊಳೆಯಿತು. ನಾವು ಡೇರೆ ಹಾಕಿದ ಊರಿನಲ್ಲಿ ದೀಪದವನು, ಬೆಂಚು ಬಾಡಿಗೆಯವನು, ಕಡಲೆ ಮಾರುವವಳು, ಗಾಡಿಯವನು ಎಲ್ಲರ ಒಲೆಯೂ ಉರಿಯುತ್ತಿತ್ತು. ಜನ ಬದಲಾದರು, ನಮ್ಮ ಯಜಮಾನರು ಮಾತ್ರ ಅದೇ ನಾಟಕವನ್ನು ಇನ್ನೂ ಜೋರಾಗಿ ಆಡಿಸಿದರು. ಖಾಲಿ ಬೆಂಚುಗಳಿಗೆ ಜೋರು ಬೇಕಿರಲಿಲ್ಲ ಮಗಳೇ, ಹೊಸದು ಬೇಕಿತ್ತು. ನೀನು ಅದೇ ರಾಟೆ ತೆಗೆದುಕೊಂಡು ಬೇರೆ ಆಟ ಕಟ್ಟಿದೆ.

ಚಂದ್ರನ ವಿಷಯ: ಅದು ನಡುಹಗಲಿನ ಆಕಾಶ, ನಾನು ಚಂದ್ರನನ್ನು ಬರೆದೇ ಇರಲಿಲ್ಲ. ಇರಲಿ. ಅಕ್ಕನಿಗೆ ನನ್ನ ನಮಸ್ಕಾರ ತಿಳಿಸು, ಆದರೆ ಇನ್ನು ಮೇಲೆ ಅವಳನ್ನು ನನ್ನ ಹಲಗೆಗಳ ಹತ್ತಿರ ಬಿಡಬೇಡ.

ಕೈಗೆಲ್ಲ ಅಂಟು ಮೆತ್ತಿಕೊಂಡ,
ಅಪ್ಪ


ಆಗಸ್ಟ್ 22

ಅಪ್ಪಾ,

ನಮ್ಮ ಬೀದಿಗೆ ಈಗ ಕಿವುಡು ಬಂದಿದೆ. ಒಂದು ಕಡೆ ನಮ್ಮ ವೆಲ್ಡಿಂಗ್, ಇನ್ನೊಂದು ಕಡೆ ಎರಕದವನ ತಿದಿ, ಮಧ್ಯೆ ಹಗ್ಗದವನ ಬಾಯಿ. ದರ್ಜಿಯಮ್ಮ ಮಂಚಗಳಿಗೆ ಹಾಸಿಗೆ ಕಟ್ಟುವ ಪಟ್ಟಿ ಹೊಲಿಯುತ್ತಾರೆ.

ಮೊನ್ನೆ ಕೋಪ ಬರುವಂಥದ್ದೊಂದು ನಡೆಯಿತು. ನಾನು ಮೊದಲು ಕೆಲಸ ಮಾಡುತ್ತಿದ್ದ ಅಂಗಡಿಯ ಧಣಿ ನಮ್ಮ ಹಾಗೇ ಏರುವ ಮಂಚ ಮಾಡಿ ಕಿಟಕಿಯಲ್ಲಿಟ್ಟಿದ್ದಾರೆ. ನಮಗಿಂತ ಅಗ್ಗ. ಅಕ್ಕ ಸುತ್ತಿಗೆ ಹಿಡಿದು ಹೊರಟಳು. ನಾನೂ ಹಿಂದೆ ಹೋದೆ, ಜಗಳಕ್ಕೇ. ಆದರೆ ಮಂಚ ನೋಡಿದ ಕೂಡಲೇ ನನಗೆ ಜಗಳ ಮರೆತುಹೋಯಿತು.

"ಕಳ್ಳಹಗ್ಗ ಎಲ್ಲಿ ಧಣಿ?" ಎಂದೆ.

"ಯಾವ ಕಳ್ಳ? ನನ್ನನ್ನಾ ಅಂತಿರೋದು?" ಎಂದರು. ಮುಖ ಕೆಂಪಾಯಿತು.

ತೋರಿಸಿದೆ, ಗಂಟು ಹಾಕುವುದನ್ನೂ ಹೇಳಿಕೊಟ್ಟೆ. ದಾರಿಯುದ್ದಕ್ಕೂ ಅಕ್ಕ ಬೈದಳು. "ಕದ್ದವರಿಗೆ ಪಾಠ ಹೇಳ್ತೀಯಲ್ಲೇ, ತಲೆ ನೆಟ್ಟಗಿದೆಯಾ?" ಎಲ್ಲೋ ಒಂದು ಮಂಚ ಬಿದ್ದರೆ ಜನ ಯಾರದ್ದು ಎಂದು ಕೇಳುತ್ತಾರಾ ಅಕ್ಕ, ಎಲ್ಲ ಮಂಚವನ್ನೂ ಇಳಿಸಿಬಿಡುತ್ತಾರೆ ಎಂದೆ. ಸುತ್ತಿಗೆಯನ್ನು ಸೊಂಟಕ್ಕೆ ಸಿಕ್ಕಿಸಿಕೊಂಡಳು. ಹಗ್ಗದವನಿಗಂತೂ ಹಬ್ಬ. ಈಗ ಇಬ್ಬರಿಗೂ ಅವನದೇ ಹಗ್ಗ, ಅದೂ ಮಂಚಕ್ಕೆ ಎರಡೆರಡು.

ಅವರು ಮಂಚ ಮಾಡಲಿ. ನಾವು ಅದರ ಹೊಟ್ಟೆಗೆ ಮಡಚುವ ಮೇಜು ಕೂರಿಸುತ್ತಿದ್ದೇವೆ. ಅವರು ಮೇಜಿಗೆ ಬರುವಷ್ಟರಲ್ಲಿ ನಾವು ಇನ್ನೆಲ್ಲೋ ಇರುತ್ತೇವೆ. ಬ್ಯಾಂಕಿನವರೂ ನಿನ್ನೆ ತಾವಾಗಿಯೇ ಬಂದರು. "ಈಗ ಇದಕ್ಕೊಂದು ಟೇಬಲ್ ಹಾಕಿದ್ದೀವಮ್ಮ" ಎಂದರು. ನಾನು ನಗು ತಡೆಯಲಾರದೆ ರಾಟೆಗೆ ಎಣ್ಣೆ ಹಾಕುವ ನೆಪದಲ್ಲಿ ಬಗ್ಗಿದೆ.

ಒಂದು ಕೊರತೆಯಿದೆ. ಹಲಗೆಗಳು ಲಾರಿಯಲ್ಲಿ ಹೋಗಿ ಬರುವಷ್ಟರಲ್ಲಿ ಗಿರಾಕಿಗಳು ಬಾಗಿಲು ಬಡಿಯುತ್ತಾರೆ. ಬಣ್ಣದವನು ಇಲ್ಲೇ ಇದ್ದರೆ ಒಳ್ಳೆಯದು ಎಂದು ಅಕ್ಕ ಹೇಳುತ್ತಾಳೆ. ನಾನಲ್ಲ, ಅಕ್ಕ. ಶೆಡ್ಡಿನ ಹಿಂದೆ ಕೋಣೆಯೊಂದಿದೆ. ಚಿಕ್ಕದು, ಆದರೆ ಎತ್ತರವಿದೆ. ಇಲಿಗಳ ಊರನ್ನೂ ಸುತ್ತಿಕೊಂಡು ಬರಬಹುದು, ಒಂದು ಪರದೆಯೂ ಬಿಡದಂತೆ.

ಹಾಸ್ಟೆಲ್ ಬಾಗಿಲ ಹತ್ತಿರ ಎರಡು ಕುರ್ಚಿ ಹಾಕಿಸಿದ್ದೇನೆ.

ನಿನ್ನ,
ರಾಟೆ


ನವೆಂಬರ್ 15

ರಾಟೆ,

ನೀನು ಪರ ಊರಿಗೆ ಮಂಚ ಕೂರಿಸಲು ಹೋಗಿ ಇನ್ನೂ ವಾರವಾಗಿಲ್ಲ, ನಾನು ಕಾಗದ ಬರೆಯುತ್ತಿದ್ದೇನೆ. ನಾನು ಇಲ್ಲಿಗೆ ಬಂದಾಗಿನಿಂದ ಒಂದೇ ಸೂರಿನಡಿ ಇದ್ದುಕೊಂಡು ಬರೆಯುವುದು ಮರೆತುಹೋದೀತು ಎಂದು ಹೆದರಿಕೆ.

ಶೆಡ್ಡು ಕ್ಷೇಮ. ವೆಲ್ಡಿಂಗ್ ಅಕ್ಕನಿಗೂ ನನಗೂ ದಿನಕ್ಕೊಂದು ಜಗಳ, ಊಟಕ್ಕೆ ಉಪ್ಪಿನಕಾಯಿ ಇದ್ದಂತೆ. ಪ್ರತಿ ಆಕಾಶದಲ್ಲೂ ತನ್ನದೊಂದು ಚಂದ್ರ ಬೇಕಂತೆ ಅವಳಿಗೆ. "ಗಿರಾಕಿಗಳು ಕೇಳ್ತಾರೆ ಪರದೆಯಪ್ಪ, ನಾನೇನು ಮಾಡ್ಲಿ" ಎನ್ನುತ್ತಾಳೆ. ಕೊನೆಗೆ ಒಪ್ಪಂದವಾಯಿತು: ನಾನು ಬರೆಯುತ್ತೇನೆ, ಅವಳು ಉಜ್ಜುತ್ತಾಳೆ.

ಆ ಧಣಿಯ ಅಂಗಡಿಯ ಬಣ್ಣದವನು ಬಂದಿದ್ದ. ಅಡಿಬದಿ ಬರೆಯುವುದು ಅವನಿಗೆ ಹಿಡಿತಕ್ಕೆ ಸಿಗಲಿಲ್ಲವಂತೆ, ಒಂದೊಂದು ಎಲೆಯನ್ನೂ ತಿದ್ದಿ ತೀಡಿ ಬರೆದರೂ ಮೇಲೇರಿದ ಮೇಲೆ ಪಾಚಿ ಕಟ್ಟಿದ ಹಾಗೆ ಕಾಣುತ್ತದಂತೆ. ಅಕ್ಕ ನನ್ನನ್ನು ಕಣ್ಣಲ್ಲೇ ಸುಟ್ಟಳು. ನಾನು ಅವನನ್ನು ಹಾಸ್ಟೆಲ್‌ಗೆ ಕರೆದುಕೊಂಡು ಹೋಗಿ ನಿನ್ನ ಕುರ್ಚಿಯಲ್ಲಿ ಕೂರಿಸಿದೆ. ಕಳ್ಳಹಗ್ಗ ನೀನು ಕೊಟ್ಟೆ, ಮೋಡ ನಾನು ಕೊಟ್ಟೆ. ಅವನು ಒಂದಿಷ್ಟು ಹೊತ್ತುಕೊಂಡು ಹೋದರೂ ನಮ್ಮ ಆಕಾಶವೇನೂ ಸವೆಯಲಿಲ್ಲ.

ಇಸ್ತ್ರಿಯವನು ಒಂದು ಮಂಚಕ್ಕೆ ಹೇಳಿಕಳಿಸಿದ್ದಾನೆ. ಹೆಂಡತಿಯ ಒತ್ತಾಯವಂತೆ. ಹಗ್ಗ ಮಾತ್ರ ತನ್ನ ಕೈಗೆ ಸಿಗುವ ಕಡೆ ಇರಲಿ ಎಂದು ಬೇಡಿಕೊಂಡಿದ್ದಾನೆ.

ಇನ್ನು ನಿನ್ನ ಮಂಚದ ಮಾತು. ಊರಿನವರಿಗೆಲ್ಲ ಆಕಾಶ ಕೊಟ್ಟು ನೀನು ಮಾತ್ರ ಬರೀ ಹಲಗೆಯ ಮೇಲೆ ಮಲಗುತ್ತಿದ್ದೆ. ಅದು ನನಗೆ ಸರಿಬರಲಿಲ್ಲ. ಅದರ ಹೊಟ್ಟೆಯ ಮೇಲೂ ಬರೆದಿದ್ದೇನೆ. ಆಕಾಶವಲ್ಲ.

ಮೂವತ್ತು ವರ್ಷ ಕಾಡು ಬರೆದೆ, ಅರಮನೆ ಬರೆದೆ, ಸಮುದ್ರ ಬರೆದೆ. ಪರದೆಯ ಹಿಂದೆ ಏನಿರುತ್ತದೆ ಎಂದು ಒಂದು ಸಲವೂ ಬರೆದವನಲ್ಲ. ಈಗ ಬರೆದಿದ್ದೇನೆ. ಒಂದು ಹಗ್ಗವಿದೆ. ಅದರ ಒಂದು ತುದಿಯನ್ನು ಮುಂದಿನ ಹಲ್ಲಿಲ್ಲದ ಒಬ್ಬಳು ಎರಡೂ ಕೈಯಲ್ಲಿ ಹಿಡಿದು ನಿಂತಿದ್ದಾಳೆ. ಇನ್ನೊಂದು ತುದಿಯಲ್ಲಿ ಕಿರೀಟ ಸರಿಮಾಡಿಕೊಳ್ಳುತ್ತ ಒಬ್ಬಾಕೆ ಇಳಿದು ಬರುತ್ತಿದ್ದಾಳೆ, ಅವಸರವಿಲ್ಲದೆ.

ನೀನು ಬಂದ ದಿನ ಮಂಚ ಮೇಲೆಯೇ ಇರುತ್ತದೆ. ಎಷ್ಟೇ ದಣಿದಿದ್ದರೂ ಇಳಿಸು ಎನ್ನಬೇಡ. ಹತ್ತಿರವೂ ಹೋಗಬೇಡ, ಹೋದರೆ ಬರೀ ಕಲೆ. ಬಾಗಿಲಲ್ಲಿ ನಿಂತು ಮೊದಲು ತಲೆ ಎತ್ತಿ ನೋಡು. ಆಮೇಲೆ ಹಗ್ಗ ಬಿಡುತ್ತೇನೆ.

ಕೊನೆಯ ಸಾಲಿನಿಂದ,
ನಿನ್ನ ಅಪ್ಪ